ಬಿಳಿಯ ಅಂಗಿ ಕಪ್ಪಾಗಿದೆ

“ನನ್ನ ಬಿಳಿಯ ಅಂಗಿ ಕಪ್ಪಾಗಿದೆ.”

ಈ ಮಾತನ್ನು ನಮ್ಮ ಮನೆಯಲ್ಲಿ ಯಾರಾದರೂ ಆಡಿದರೆ, ಅಂಗಿಯ ಮೇಲೆ ಮಸಿ ಚೆಲ್ಲಿತೋ, ಬಣ್ಣದ ನೀರಿಗೆ ಬಿತ್ತೋ ಎಂದು ಕೇಳುತ್ತೇವೆ. ಎಸ್ಟೋನಿಯ ದೇಶದಲ್ಲಿ ಯಾರೂ ಹಾಗೆ ಕೇಳುವುದಿಲ್ಲ. ‘ಮು ವಲ್ಗೆ ಸ್ಯಾರ್ಕ್ ಒನ್ ಮುಸ್ತ್’ ಎಂಬುದು ಅಲ್ಲಿನ ವಾಕ್ಯ. ‘ಮು’ ಎಂದರೆ ನನ್ನ, ‘ವಲ್ಗೆ’ ಎಂದರೆ ಬಿಳಿಯ, ‘ಸ್ಯಾರ್ಕ್’ ಅಂಗಿ, ‘ಒನ್’ ಇದೆ, ‘ಮುಸ್ತ್’ ಕಪ್ಪು. ಕೋಶವನ್ನು ಮುಂದಿಟ್ಟುಕೊಂಡು ಒಂದೊಂದಾಗಿ ಪದ ಜೋಡಿಸಿದರೆ ಬರುವ ಅರ್ಥ ನಾನು ಮೊದಲು ಹೇಳಿದ್ದೇ. ಆದರೆ ಹೇಳಿದವನ ಅಭಿಪ್ರಾಯ ಬೇರೆ. ಅವನ ಅಂಗಿ ಬಿಳಿಯದಾಗಿಯೇ ಇದೆ. ಕೊಳೆಯಾಗಿದೆ, ಒಗೆಯಲು ಹಾಕಬೇಕು, ಅಷ್ಟೆ.

ಆ ಭಾಷೆಯನ್ನು ಅಷ್ಟಿಷ್ಟು ಕಲಿಯುವ ಹುಚ್ಚು ಹಿಡಿಸಿಕೊಂಡಿದ್ದ ನಾನು ಈ ಒಂದು ವಾಕ್ಯದ ಮುಂದೆ ಒಂದು ಸಂಜೆಯೆಲ್ಲ ಕುಳಿತಿದ್ದೆ. ಬಿಳಿಯದು ಕಪ್ಪಾಗಿರುವುದು ಹೇಗೆ? ಕವಿತೆಯಿರಬಹುದೆ, ಒಗಟಿರಬಹುದೆ ಎಂದೆಲ್ಲ ಊಹಿಸಿದೆ. ಕಡೆಗೆ ಕೋಶದಲ್ಲಿ ಅದೇ ಪದದ ಕೆಳಗೆ ಎರಡನೆಯ ಅಂಕಿ ಹಾಕಿ ಕೊಟ್ಟಿದ್ದ ಅರ್ಥ ಕಣ್ಣಿಗೆ ಬಿತ್ತು: ಕೊಳಕು. ಕಲಿಯುವವರು ಯಾವಾಗಲೂ ಮೊದಲನೆಯ ಅರ್ಥವನ್ನು ಓದಿ ಪುಸ್ತಕ ಮುಚ್ಚಿಬಿಡುತ್ತಾರೆ. ನಾನೂ ಅದನ್ನೇ ಮಾಡಿದ್ದೆ.

ಎಸ್ಟೋನಿಯ ಯೂರೋಪಿನ ಈಶಾನ್ಯದಲ್ಲಿ, ಬಾಲ್ಟಿಕ್ ಸಮುದ್ರದ ದಡದಲ್ಲಿರುವ ಸಣ್ಣ ದೇಶ. ಉತ್ತರಕ್ಕೆ ಕೊಲ್ಲಿಯನ್ನು ದಾಟಿದರೆ ಫಿನ್ಲೆಂಡ್, ಪೂರ್ವಕ್ಕೆ ರಷ್ಯ, ದಕ್ಷಿಣಕ್ಕೆ ಲಾಟ್ವಿಯ. ಜನಸಂಖ್ಯೆ ಸುಮಾರು ಹದಿಮೂರು ಲಕ್ಷ. ನಮ್ಮ ಒಂದು ದೊಡ್ಡ ಜಿಲ್ಲೆಗಿಂತ ಕಡಿಮೆ. ಅವರ ಮಾತು ಇಂಗ್ಲಿಷಿಗಾಗಲಿ ರಷ್ಯನ್ನಿಗಾಗಲಿ ಸಂಸ್ಕೃತಕ್ಕಾಗಲಿ ನೆಂಟನಲ್ಲ. ಫಿನ್ನಿಷ್ ಅದರ ಹತ್ತಿರದ ಬಂಧು, ಹಂಗೇರಿಯನ್ ದೂರದ ಬಂಧು. ನಮ್ಮ ಕನ್ನಡದ ಹಾಗೆ ಪದದ ಕೊನೆಗೆ ಪ್ರತ್ಯಯ ಹಚ್ಚಿ ಅರ್ಥ ತಿರುಗಿಸುವ ಭಾಷೆ. ನಮಗೆ ಏಳೆಂಟು ವಿಭಕ್ತಿಗಳಾದರೆ ಅವರಿಗೆ ಹದಿನಾಲ್ಕು. ನಾಮಪದಗಳಿಗೆ ಲಿಂಗಭೇದವಿಲ್ಲ, ಅವನು ಅವಳು ಇಬ್ಬರಿಗೂ ‘ತ’ ಒಂದೇ ಸಾಕು.

‘ಮುಸ್ತ್’ ಎಂಬ ಪದಕ್ಕೆ ಮರಳೋಣ. ಕೊಳೆಯಾದ ಬಟ್ಟೆಯ ಗಂಟು ಅವರಿಗೆ ‘ಕಪ್ಪು ಒಗೆತ’. ಊಟವಾದ ಮೇಲೆ ತೊಳೆಯದೆ ಬಿದ್ದಿರುವ ಪಾತ್ರೆಗಳು ‘ಕಪ್ಪು ಪಾತ್ರೆಗಳು’. ಮಣ್ಣಿನಲ್ಲಿ ಆಡಿ ಬಂದ ಮಗುವಿಗೆ ತಾಯಿ ‘ನಿನ್ನ ಕೈ ಕಪ್ಪಾಗಿದೆ, ತೊಳೆದುಕೋ’ ಎನ್ನುತ್ತಾಳೆ. ಈ ‘ಮುಸ್ತ್’ ಪಾತ್ರೆಗಳನ್ನು ನಾವು ಮುಸುರೆ ಪಾತ್ರೆ ಎನ್ನುತ್ತೇವಲ್ಲ! ಮುಸ್ತ್, ಮುಸುರೆ, ಮಸಿ, ಮಾಸು ಎಂದು ಸಾಲಾಗಿ ಹೇಳಿದರೆ ಎಂಥವರಿಗೂ ಒಂದು ಸಂಶೋಧನೆ ಮಾಡಿಬಿಟ್ಟೆನೆಂಬ ಹುಮ್ಮಸ್ಸು ಬರುತ್ತದೆ. ಕೇಳುಗರಲ್ಲಿ ಉತ್ಸಾಹಿಗಳಿದ್ದರೆ ದಯವಿಟ್ಟು ತಡೆದುಕೊಳ್ಳಿ. ಧ್ವನಿ ಹೋಲಿದ ಮಾತ್ರಕ್ಕೆ ನೆಂಟಸ್ತನ ಸಿದ್ಧವಾಗುವುದಿಲ್ಲ. ದಾರಿಯಲ್ಲಿ ಒಂದೇ ಮುಖಚಹರೆಯ ಇಬ್ಬರು ಎದುರಾದರೆ ಅಣ್ಣತಮ್ಮಂದಿರೆಂದು ಹೇಳಲಾದೀತೆ?

ಹಾಗಾದರೆ ಬರಿಯ ಬಣ್ಣವೋ, ಕೊಳೆಯೋ ಎಂಬುದನ್ನು ಅವರು ತಿಳಿಯುವುದು ಹೇಗೆ? ಪಕ್ಕದಲ್ಲಿರುವ ಮಾತಿನಿಂದ. ಬೆಕ್ಕು ‘ಮುಸ್ತ್’ ಎಂದರೆ ಬಣ್ಣ. ಕಿಟಕಿಯ ಗಾಜು ‘ಮುಸ್ತ್’ ಎಂದರೆ ಕೊಳೆ. ಒಂದು ಪದದ ಅರ್ಥವನ್ನು ಹಿಡಿಯಬೇಕಾದರೆ ಅದರ ಎದುರಾಳಿ ಯಾರೆಂದು ಕೇಳಬೇಕು. ‘ಮುಸ್ತ್’ ಎಂಬುದಕ್ಕೆ ಎದುರಾಳಿಗಳು ಇಬ್ಬರು. ಒಬ್ಬ ‘ವಲ್ಗೆ’, ಬಿಳಿ. ಇನ್ನೊಬ್ಬ ‘ಪುಹಸ್’, ಚೊಕ್ಕಟ. ಶಾಲೆಯ ಹುಡುಗ ಪ್ರಬಂಧವನ್ನು ಮೊದಲು ಗೀಚಿ, ಹೊಡೆದು, ತಿದ್ದಿ ಬರೆದ ಹಾಳೆಗೆ ‘ಮುಸ್ತಂದ್’ ಎಂದು ಹೆಸರು, ಅಂದರೆ ಕಪ್ಪಾಗಿರುವುದು. ಅದನ್ನೇ ನೋಡಿ ಅಂದವಾಗಿ ಬರೆದದ್ದು ‘ಪುಹ್ತಂದ್’, ಚೊಕ್ಕಟವಾದದ್ದು. ನಮ್ಮ ಕರಡಿಗೂ ಶುದ್ಧಪ್ರತಿಗೂ ಇರುವ ಸಂಬಂಧವೇ.

‘ವಲ್ಗೆ’ಯ ಕಥೆ ಇನ್ನೂ ಸೊಗಸು. ಬೆಳಗಾಯಿತು ಎನ್ನಲು ಅವರು ‘ಹೊರಗೆ ಬಿಳಿಯಾಯಿತು’ ಎನ್ನುತ್ತಾರೆ. ಬೆಳಕಿಗೆ ‘ವಲ್ಗುಸ್’. ಕನ್ನಡಿಗರಿಗೆ ಇದನ್ನು ವಿವರಿಸಬೇಕಾದ್ದಿಲ್ಲ. ಬಿಳಿ, ಬೆಳಕು, ಬೆಳಗು, ಬೆಳ್ಳಿ ಎಲ್ಲವೂ ನಮ್ಮಲ್ಲಿ ಒಂದೇ ಬೇರಿನ ಚಿಗುರುಗಳು. ಎಸ್ಟೋನಿಯದವರು ಬೆಳ್ದಿಂಗಳಿಗೆ ‘ಕೂವಲ್ಗೆ’ ಎನ್ನುತ್ತಾರೆ. ‘ಕೂ’ ಎಂದರೆ ಚಂದ್ರ. ಮೂವತ್ತು ದಿನಗಳ ಮಾಸಕ್ಕೂ ಅದೇ ‘ಕೂ’. ನಮ್ಮ ‘ತಿಂಗಳು’ ಮಾಡುವ ಎರಡು ಕೆಲಸಗಳನ್ನು ಅದೂ ಮಾಡುತ್ತದೆ. ಅವರ ಕೂವಲ್ಗೆಯ ತುಂಡುಗಳನ್ನು ಹಿಂದುಮುಂದು ಮಾಡಿದರೆ ನಮ್ಮ ಬೆಳ್ದಿಂಗಳೇ ಆಯಿತು. ಸಾವಿರಾರು ಮೈಲಿ ದೂರದಲ್ಲಿ, ಒಬ್ಬರನ್ನೊಬ್ಬರು ಕಾಣದ ಎರಡು ಜನಾಂಗಗಳು ಒಂದೇ ಚಂದ್ರನನ್ನು ನೋಡಿ ಒಂದೇ ಬಗೆಯ ಮಾತು ಕಟ್ಟಿವೆ. ಇದೂ ನೆಂಟಸ್ತನವಲ್ಲ, ಆದರೆ ಮುಸುರೆಯ ಹೋಲಿಕೆಗಿಂತ ಇದು ನನಗೆ ಹೆಚ್ಚು ಪ್ರಿಯವಾದದ್ದು.

ಈ ಬೆಳಕಿನ ಅರ್ಥದಲ್ಲಿ ಮಾತ್ರ ‘ವಲ್ಗೆ’ಯ ಎದುರಾಳಿ ‘ಮುಸ್ತ್’ ಅಲ್ಲ. ಕತ್ತಲೆಗೆ ‘ಪಿಮೆ’ ಎಂಬ ಬೇರೆಯೇ ಪದವುಂಟು. ಕುರುಡನಿಗೂ ಅದೇ ಪದ. ಆದುದರಿಂದ ಅಲ್ಲಿ ರಾತ್ರಿ ಕತ್ತಲೆಯಾಗಿರುತ್ತದೆಯೇ ಹೊರತು ಕಪ್ಪಾಗಿರಲೇಬೇಕೆಂದಿಲ್ಲ. ಬಿಳಿ-ಕಪ್ಪು, ಬೆಳಕು-ಕತ್ತಲೆ, ಚೊಕ್ಕಟ-ಕೊಳಕು ಎಂಬ ಮೂರು ಜೋಡಿಗಳನ್ನು ಐದಾರು ಪದಗಳಲ್ಲಿ ಹಂಚುವುದು ನಮ್ಮ ಪದ್ಧತಿ. ಅವರು ನಾಲ್ಕರಲ್ಲೇ ಸಂಸಾರ ತೂಗಿಸಿದ್ದಾರೆ.

ಉಚ್ಚಾರದ ವಿಷಯ ಒಂದು ಮಾತು. ‘ಕಪ್ಪಿನ’ ಎನ್ನುವುದಕ್ಕೂ, ‘ಕಪ್ಪನ್ನು’ ಎಂಬುದಕ್ಕೆ ಹತ್ತಿರದ ಇನ್ನೊಂದು ವಿಭಕ್ತಿಗೂ ಅವರು ‘ಮುಸ್ತ’ ಎಂದೇ ಬರೆಯುತ್ತಾರೆ. ಬರೆಹದಲ್ಲಿ ಒಂದು ಚುಕ್ಕೆಯ ವ್ಯತ್ಯಾಸವೂ ಇಲ್ಲ. ಆದರೆ ಎರಡನೆಯದನ್ನು ಮೊದಲನೆಯದಕ್ಕಿಂತ ಎಳೆದು, ಒತ್ತಿ ನುಡಿಯಬೇಕು. ನಮ್ಮಲ್ಲಿ ಹ್ರಸ್ವ, ದೀರ್ಘ ಎಂದು ಎರಡು. ಅವರ ಕಿವಿಗೆ ಅಳತೆ ಮೂರು. ಇದು ಬಾಯಿಂದ ಹೇಳಬೇಕಾದ ಸಂಗತಿ. ಅಚ್ಚಿನಲ್ಲಿ ಓದುವವರು ನನ್ನ ಮಾತನ್ನು ನಂಬಬೇಕಷ್ಟೆ. ಸಾಲದ್ದಕ್ಕೆ, ‘ನನಗಿಂತ’ ಎಂಬ ಅರ್ಥದ ‘ಮಿನುಸ್ತ್’ ಎಂಬ ರೂಪವನ್ನು ಆಡುಮಾತಿನಲ್ಲಿ ಸವೆಯಿಸಿ ಅದನ್ನೂ ‘ಮುಸ್ತ್’ ಮಾಡಿಕೊಂಡಿದ್ದಾರೆ. ‘ತ ಒನ್ ಮುಸ್ತ್ ವನೆಮ್’ ಎಂದರೆ ‘ಅವನು ನನಗಿಂತ ಹಿರಿಯ’. ಹೊಸಬ ಇಲ್ಲಿ ಕಪ್ಪನ್ನು ಹುಡುಕಲು ಹೋದರೆ ದಾರಿ ತಪ್ಪಿದನೆಂದೇ ತಿಳಿಯಬೇಕು.

ಕಪ್ಪಿಗೆ ಎಲ್ಲ ದೇಶಗಳಲ್ಲೂ ಒಂದಷ್ಟು ಅಪಕೀರ್ತಿ ಇದ್ದದ್ದೇ. ನಮ್ಮ ಕಾಳಸಂತೆ ಅಲ್ಲಿಯೂ ಕಪ್ಪು ಸಂತೆ. ಲೆಕ್ಕಕ್ಕೆ ತಾರದೆ ಸಂಬಳ ಪಡೆದು ದುಡಿಯುವವನು ‘ಕಪ್ಪಾಗಿ’ ದುಡಿಯುತ್ತಾನೆ. ಒಬ್ಬನ ಹೆಸರು ಕೆಡಿಸುವುದು ‘ಮುಸ್ತಮ’, ಕಪ್ಪು ಬಳಿಯುವುದು. ಮುಖಕ್ಕೆ ಮಸಿ ಬಳಿಯುವುದೆಂದು ನಾವೂ ಹೇಳುತ್ತೇವೆ. ಇಂದ್ರಜಾಲ ಮಾಡುವವನ ವಿದ್ಯೆ ‘ಮುಸ್ತ್‌ಕುನ್ಸ್ತ್’, ಕಪ್ಪು ಕಲೆ. ಇದು ಜರ್ಮನ್ ಮಾತಿನ ಅಚ್ಚಿನಲ್ಲಿ ಎರಕ ಹೊಯ್ದ ಪದ. ಶತಮಾನಗಳ ಕಾಲ ಆ ನಾಡಿನ ಭೂಮಾಲೀಕರು ಜರ್ಮನ್ನರಾಗಿದ್ದುದರ ಗುರುತು. ಇವೆಲ್ಲ ಎಲ್ಲ ಭಾಷೆಗಳಲ್ಲೂ ಸಿಕ್ಕುವ ಸರಕು. ನಾನು ನಿಲ್ಲಬೇಕೆಂದಿರುವುದು ಕಪ್ಪನ್ನು ಅವರು ಪ್ರೀತಿಯಿಂದ ಆಡುವ ಕಡೆಗಳಲ್ಲಿ.

ಮೊದಲನೆಯದು ರೊಟ್ಟಿ. ರೈ ಎಂಬ ಧಾನ್ಯದ ಹಿಟ್ಟನ್ನು ಹುಳಿ ಬರಿಸಿ ಸುಟ್ಟ, ಹುಳಿಮಿಶ್ರಿತ ಘಮದ, ಕಡುಕಂದು ಬಣ್ಣದ ರೊಟ್ಟಿ ಅವರ ‘ಮುಸ್ತ್ ಲೆಯ್ಬ್’, ಕಪ್ಪು ರೊಟ್ಟಿ. ನಿಜಕ್ಕೂ ‘ಕಪ್ಪು’ ಎಂದು ಸೇರಿಸಬೇಕಾದ್ದೇ ಇಲ್ಲ. ಬರಿಯ ‘ಲೆಯ್ಬ್’ ಎಂದರೇ ಅದು. ಗೋಧಿಯ ಬಿಳಿಯ ರೊಟ್ಟಿ ಆ ಹೆಸರಿಗೆ ಯೋಗ್ಯವಲ್ಲವೆಂದೋ ಏನೋ, ಅದಕ್ಕೆ ‘ಸಯ್’ ಎಂಬ ಬೇರೆ ಹೆಸರು. ಮುದ್ದೆಯೂಟದ ಮನೆಯಲ್ಲಿ ಹುಟ್ಟಿದವರಿಗೆ ಈ ಭೇದ ಚೆನ್ನಾಗಿ ಅರ್ಥವಾದೀತು. ಊಟ ಮಾಡುತ್ತಿರುವವರ ಬಳಿಗೆ ಬಂದವರು ಅಲ್ಲಿ ‘ರೊಟ್ಟಿ ಮುಗಿಯದಿರಲಿ’ ಎಂಬರ್ಥದ ಹಾರೈಕೆ ಹೇಳುತ್ತಾರೆ. ರೊಟ್ಟಿಯ ತುಂಡು ಕೈಜಾರಿ ನೆಲಕ್ಕೆ ಬಿದ್ದರೆ ಎತ್ತಿಕೊಂಡು ಅದಕ್ಕೊಂದು ಮುತ್ತು ಕೊಡಬೇಕೆಂದು ಹಿರಿಯರು ಮಕ್ಕಳಿಗೆ ಕಲಿಸುತ್ತಿದ್ದರು. ಕೊಳೆ ಎನ್ನುವುದಕ್ಕೂ, ಮುತ್ತಿಟ್ಟು ಎತ್ತಿಕೊಳ್ಳುವ ಅನ್ನಕ್ಕೂ ಒಂದೇ ಗುಣವಾಚಕ!

ಎರಡನೆಯದು ಸ್ನಾನದ ಮನೆ. ದಕ್ಷಿಣ ಎಸ್ಟೋನಿಯದ ವೋರು ಪ್ರಾಂತದಲ್ಲಿ ‘ಸುಯ್ತ್ಸುಸೌನ್’ ಎಂಬ ಹೊಗೆಯ ಬೆವರುಮನೆಗಳಿವೆ. ಮರದ ದಿಮ್ಮಿಗಳ ಸಣ್ಣ ಕೊಠಡಿ, ಕಲ್ಲುಗಳನ್ನು ಪೇರಿಸಿದ ಒಲೆ, ಹೊಗೆಗೂಡು ಇಲ್ಲ. ಹಲವು ಗಂಟೆಗಳ ಕಾಲ ಕಟ್ಟಿಗೆ ಉರಿಸುತ್ತಾರೆ. ಹೊಗೆ ಕೊಠಡಿಯೊಳಗೇ ತುಂಬಿ ಸುಳಿಯುತ್ತದೆ. ಕಲ್ಲು ಕಾದ ಮೇಲೆ ಬೆಂಕಿ ಆರಲು ಬಿಟ್ಟು, ಬಾಗಿಲು ತೆರೆದು ಹೊಗೆಯನ್ನು ಹೊರಗೆ ಕಳಿಸಿ, ಆಮೇಲೆ ಮನೆಮಂದಿ ಒಳಕ್ಕೆ ಹೋಗುತ್ತಾರೆ. ಕಾದ ಕಲ್ಲಿನ ಮೇಲೆ ನೀರು ಚಿಮುಕಿಸಿದಾಗ ಏಳುವ ಹಬೆಯಲ್ಲಿ ಬೆವರಿ, ಬರ್ಚ್ ಮರದ ಎಲೆಗೊಂಚಲಿನಿಂದ ಮೈಯನ್ನು ಬಡಿದುಕೊಂಡು, ಮೈತೊಳೆದು ಹೊರಬರುತ್ತಾರೆ. ಹಿಂದೆ ಹೆರಿಗೆಯೂ ಅಲ್ಲಿಯೇ ಆಗುತ್ತಿತ್ತು. ತಲೆಮಾರುಗಳ ಹೊಗೆ ಕುಡಿದ ಗೋಡೆಗಳು ಹೆಂಚಿನ ತಳದಂತೆ ಕಪ್ಪು. ಒರಗಿಕೊಂಡರೆ ಬೆನ್ನಿಗೆ ಮಸಿ. ‘ಮುಸ್ತ್’ ಆದ ಮನೆಯೊಳಕ್ಕೆ ‘ಮುಸ್ತ್’ ಆದ ಮನುಷ್ಯ ಹೋಗಿ ‘ಪುಹಸ್’ ಆಗಿ ಬರುತ್ತಾನೆ. 2014ರಲ್ಲಿ ಯುನೆಸ್ಕೊ ಈ ಸಂಪ್ರದಾಯವನ್ನು ಮನುಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು.

ಕಾಡಿನಲ್ಲಿ ಬೇಸಗೆಯಲ್ಲಿ ಆಯುವ ನೀಲಿಗಪ್ಪು ಹಣ್ಣು ‘ಮುಸ್ತಿಕಸ್’. ತಿಂದವರ ನಾಲಗೆ ನಮ್ಮ ನೇರಳೆಹಣ್ಣು ತಿಂದ ಮಕ್ಕಳ ನಾಲಗೆಯಂತಾಗುತ್ತದೆ. ಲೆಕ್ಕ ತಪ್ಪುವಷ್ಟು ಎನ್ನಲು ‘ಮುಸ್ತ್‌ತುಹತ್’, ಅಂದರೆ ಕಪ್ಪು ಸಾವಿರ. ಈ ಮಾತು ನನಗೆ ಬಹಳ ಮೆಚ್ಚಿಕೆಯಾಯಿತು. ಬರಿಯ ಸಾವಿರವನ್ನು ಎಣಿಸಬಹುದು, ಕಪ್ಪು ಸಾವಿರವನ್ನು ಎಣಿಸಲಾಗದು. ಬಯಲು ಜನರಿಂದ ಕಪ್ಪಾಗಿತ್ತು ಎಂದೂ ಹೇಳುತ್ತಾರೆ. ದೂರದಿಂದ ನೋಡಿದಾಗ ತಲೆಗಳು ಹಾಗೆ ಕಾಣುವುದರಿಂದ.

ಇಷ್ಟು ಹೊತ್ತು ಹೇಳಿದ್ದು ಅಂಗಿ, ಪಾತ್ರೆ, ರೊಟ್ಟಿಗಳ ಮಾತು. ಮನುಷ್ಯರ ಮೇಲೆ ಈ ಪದ ಬಿದ್ದಾಗ ವಿಷಯ ಅಷ್ಟು ಹಗುರವಾಗಿರುವುದಿಲ್ಲ. ರಾಜಧಾನಿ ತಾಲಿನ್ನಿನ ಪಿಕ್ ಬೀದಿಯಲ್ಲಿ ‘ಕಪ್ಪು ತಲೆಗಳ ಮನೆ’ ಎಂಬ ಹಳೆಯ ಕಟ್ಟಡವಿದೆ. ಅವಿವಾಹಿತ ವರ್ತಕರ ಸಂಘವೊಂದಕ್ಕೆ ಸೇರಿದ್ದದು. ಅವರ ರಕ್ಷಕ ಸಂತ ಮಾರಿಸನನ್ನು ಆಫ್ರಿಕದವನೆಂದು ಚಿತ್ರಿಸುವ ವಾಡಿಕೆಯಿಂದ ಸಂಘಕ್ಕೆ ಆ ಹೆಸರು ಬಂತು. ಕೆತ್ತನೆಯ ಬಾಗಿಲ ಮೇಲೆ ಕಪ್ಪು ಮನುಷ್ಯನ ತಲೆ ಇಂದಿಗೂ ಗೌರವದ ಸ್ಥಾನದಲ್ಲಿದೆ.

ಆದರೆ ಅದೇ ಪದದಿಂದ ಹುಟ್ಟಿದ ‘ಮುಸ್ತ್‌ಲನೆ’ ಎಂಬ ಇನ್ನೊಂದು ಹೆಸರೂ ಉಂಟು. ಯೂರೋಪಿನ ಅಲೆಮಾರಿಗಳೆಂದು ಪ್ರಸಿದ್ಧರಾದ ರೋಮಾ ಜನರಿಗೆ ಎಸ್ಟೋನಿಯದಲ್ಲಿ ಇಟ್ಟ ಹೆಸರು ಅದು. ಇಟ್ಟವರು ಮೈಬಣ್ಣವನ್ನು ನೋಡಿ ಇಟ್ಟಿರಬಹುದು. ಕೇಳುವ ಕಿವಿಯಲ್ಲಿ ಮಾತ್ರ ಕೊಳೆ ಎಂಬ ಅರ್ಥವೂ ಪಕ್ಕದಲ್ಲೇ ನಿಂತಿರುತ್ತದೆ. ಹೆಸರೇ ಮನುಷ್ಯರನ್ನು ಕೊಂದಿತೆಂದು ನಾನು ಹೇಳುವುದಿಲ್ಲ. ಜರ್ಮನಿಯ ನಾಜಿ ಸೇನೆ ಆ ದೇಶವನ್ನು ಹಿಡಿದಿದ್ದ 1941ರಿಂದ 1944ರ ಕಾಲದಲ್ಲಿ ಅಲ್ಲಿನ ರೋಮಾ ಜನ ಬಹುಮಟ್ಟಿಗೆ ಎಲ್ಲರೂ ಕೊಲೆಯಾದರು. ಕೊಂದವರು ಬಂದೂಕು ಹಿಡಿದ ಮನುಷ್ಯರು. ಈಗ ಆ ಹಳೆಯ ಹೆಸರನ್ನು ಬಿಟ್ಟು ‘ರೋಮಾ’ ಎಂದೇ ಹೇಳಬೇಕೆಂಬ ಅಭಿಪ್ರಾಯ ಅಲ್ಲಿ ಬೆಳೆದಿದೆ. ಅದು ಸರಿಯೆಂದೇ ನನಗೂ ತೋರುತ್ತದೆ. ರೋಮಾ ಜನರ ಮಾತು ಮೂಲದಲ್ಲಿ ಭಾರತದ್ದು, ನಮ್ಮ ಉತ್ತರದ ಭಾಷೆಗಳ ಒಡಹುಟ್ಟು. ಕಪ್ಪಿಗೆ ಅವರು ‘ಕಾಲೋ’ ಎನ್ನುತ್ತಾರೆ, ಸಂಸ್ಕೃತದ ‘ಕಾಲ’ವೇ ಅದು. ಕೊಲ್ಲಿಯ ಆಚೆ ಫಿನ್ಲೆಂಡಿನಲ್ಲಿರುವ ರೋಮಾ ಜನ ತಮ್ಮನ್ನು ತಾವೇ ‘ಕಾಲೆ’, ಕಪ್ಪು ಜನ, ಎಂದು ಕರೆದುಕೊಳ್ಳುತ್ತಾರೆ. ಅದೇ ಬಣ್ಣ. ಒಂದು ಪರರು ಹಚ್ಚಿದ್ದು, ಇನ್ನೊಂದು ತಾವೇ ಧರಿಸಿದ್ದು.

ಎಸ್ಟೋನಿಯದವರೂ ತಾವೇ ಧರಿಸಿದ ಕಪ್ಪೊಂದು ಇದೆ. 1881ರಲ್ಲಿ, ದೇಶ ರಷ್ಯದ ಚಕ್ರವರ್ತಿಯ ಅಧೀನದಲ್ಲಿದ್ದಾಗ, ತಾರ್ತು ನಗರದ ವಿದ್ಯಾರ್ಥಿಗಳು ತಮ್ಮ ಸಂಘಕ್ಕೆ ನೀಲಿ, ಕಪ್ಪು, ಬಿಳಿ ಎಂಬ ಮೂರು ಬಣ್ಣಗಳನ್ನು ಆರಿಸಿಕೊಂಡರು. 1884ರ ಜೂನ್ 4ರಂದು ಒತೆಪ್ಯಾ ಎಂಬ ಊರಿನ ಪಾದ್ರಿಯ ಮನೆಯಲ್ಲಿ ಆ ಬಣ್ಣಗಳ ರೇಷ್ಮೆಯ ಧ್ವಜಕ್ಕೆ ಪ್ರತಿಷ್ಠೆಯಾಯಿತು. 1918ರಲ್ಲಿ ದೇಶ ಸ್ವತಂತ್ರವಾದಾಗ ವಿದ್ಯಾರ್ಥಿಗಳ ಧ್ವಜವೇ ರಾಷ್ಟ್ರದ ಧ್ವಜವಾಯಿತು. ನೀಲಿ ಎಂದರೆ ಆಕಾಶ ಮತ್ತು ನೀರು. ಬಿಳಿ ಎಂದರೆ ಹಿಮ, ಬರ್ಚ್ ಮರದ ತೊಗಟೆ, ಬೆಳಕಿನ ಹಂಬಲ. ಕಪ್ಪು ಎಂದರೆ ತಾಯಿನೆಲದ ಮಣ್ಣು, ರೈತನ ಕರಿಯ ನಿಲುವಂಗಿ, ಕಳೆದ ಕಷ್ಟದ ದಿನಗಳು ಎಂದು ಅರ್ಥ ಹೇಳುತ್ತಾರೆ. ಧ್ವಜವನ್ನು ಅವರು ಕರೆಯುವುದೇ ‘ಸಿನಿಮುಸ್ತ್‌ವಲ್ಗೆ’ ಎಂದು, ಮೂರು ಬಣ್ಣಗಳನ್ನು ಒಂದೇ ಉಸಿರಿನಲ್ಲಿ ಕಟ್ಟಿ.

1940ರಲ್ಲಿ ಸೋವಿಯತ್ ಆಡಳಿತ ಬಂದು ಆ ಧ್ವಜ ನಿಷಿದ್ಧವಾಯಿತು. ಏರಿಸಿದವರು ಸೆರೆಮನೆ ಕಂಡರು. 1884ರ ಮೂಲ ಧ್ವಜವನ್ನು 1943ರಲ್ಲಿ ಒಂದು ಹೊಲಮನೆಯಲ್ಲಿ ಬಚ್ಚಿಟ್ಟರು. ಅದು ಮತ್ತೆ ಹೊರಗೆ ಬಂದದ್ದು ಸುಮಾರು ಅರ್ಧ ಶತಮಾನದ ಮೇಲೆ. ಯಾವ ಸರ್ಕಾರವೂ ನೀಲಿಯನ್ನಾಗಲಿ ಕಪ್ಪನ್ನಾಗಲಿ ಬಿಳಿಯನ್ನಾಗಲಿ ಬೇರೆಬೇರೆಯಾಗಿ ನಿಷೇಧಿಸಲಾರದು. ಮೂರೂ ಒಂದೆಡೆ ಕೂಡಿದರೆ ಮಾತ್ರ ಅಪರಾಧ. 1988ರ ಏಪ್ರಿಲ್ ತಿಂಗಳಲ್ಲಿ ತಾರ್ತುವಿನಲ್ಲಿ ಪರಂಪರೆಯ ರಕ್ಷಣೆಗೆಂದು ಕೆಲವು ದಿನಗಳ ಉತ್ಸವ ನಡೆಯಿತು. ಅಲ್ಲಿಗೆ ಬಂದವರು ನೀಲಿಯ ಬಟ್ಟೆಯೊಂದು, ಕಪ್ಪು ಬಟ್ಟೆಯೊಂದು, ಬಿಳಿಯ ಬಟ್ಟೆಯೊಂದು ಎಂದು ಮೂರು ಬೇರೆ ಬೇರೆ ಬಾವುಟಗಳನ್ನು ಅಕ್ಕಪಕ್ಕದಲ್ಲಿ ಹಿಡಿದು ತಂದರು. ಒಂದೊಂದು ಕೋಲಿಗೆ ಒಂದೊಂದೇ ಬಣ್ಣ. ಯಾವುದನ್ನು ಹಿಡಿದು ದಂಡಿಸುವುದು? ಪದಗಳ ಅರ್ಥ ಪಕ್ಕದ ಪದದಿಂದ ಎಂದು ಆಗ ಹೇಳಿದೆನಲ್ಲ. ಅಂದು ನೆರೆದ ಜನಕ್ಕೆ ಆ ವ್ಯಾಕರಣ ಚೆನ್ನಾಗಿ ಗೊತ್ತಿತ್ತು. ಅದೇ ವರ್ಷ ಸೆಪ್ಟೆಂಬರಿನಲ್ಲಿ ತಾಲಿನ್ನಿನ ಹಾಡಿನ ಮೈದಾನದಲ್ಲಿ ಸುಮಾರು ಮೂರು ಲಕ್ಷ ಜನ ಸೇರಿದರೆಂದು ಲೆಕ್ಕ. ಬಯಲು ಜನರಿಂದ ಕಪ್ಪಾಗಿತ್ತೆಂದು ಹೇಳಲು ಅದಕ್ಕಿಂತ ತಕ್ಕ ದಿನ ಸಿಕ್ಕಲಾರದು.

1989ರ ಫೆಬ್ರವರಿ 24ರ ಬೆಳಗ್ಗೆ ತಾಲಿನ್ನಿನ ಕೋಟೆಯ ಮೂಲೆಯ ಎತ್ತರವಾದ ಬುರುಜು ‘ಪಿಕ್ ಹೆರ್ಮನ್’ ಮೇಲೆ ನೀಲಿ ಕಪ್ಪು ಬಿಳಿಯ ಧ್ವಜ ಮತ್ತೆ ಏರಿತು. ಸ್ವಾತಂತ್ರ್ಯ ಮರಳಿ ಬಂದದ್ದು 1991ರ ಆಗಸ್ಟ್ 20ರಂದು. ಅಂದಿನಿಂದ ಆ ಬುರುಜಿನ ಮೇಲೆ ಪ್ರತಿದಿನ ಸೂರ್ಯೋದಯಕ್ಕೆ, ಅಂದರೆ ಹೊರಗೆ ‘ವಲ್ಗೆ’ ಆಗುವ ಹೊತ್ತಿಗೆ, ಧ್ವಜವನ್ನು ಏರಿಸುತ್ತಾರೆ, ಸೂರ್ಯಾಸ್ತಕ್ಕೆ ಇಳಿಸುತ್ತಾರೆ.

ಏರಿಸುವ ಧ್ವಜ ಹರಿದಿರಬಾರದು, ‘ಪುಹಸ್’ ಆಗಿರಬೇಕು ಎಂಬುದು ಅಲ್ಲಿನ ಶಿಷ್ಟಾಚಾರ. ಹಾಗಾಗಿ ಮಾಸಿದ ಧ್ವಜವನ್ನು ಕಂಡ ಮನೆಯೊಡತಿ ‘ಧ್ವಜ ಮುಸ್ತ್ ಆಗಿದೆ’ ಎಂದು ಅದನ್ನು ಒಗೆಯಲು ಹಾಕುತ್ತಾಳೆ. ಒಗೆದು ಒಣಗಿದ ಮೇಲೂ ಅದರ ಮೂರರಲ್ಲಿ ಒಂದು ಪಾಲು ‘ಮುಸ್ತ್’ ಆಗಿಯೇ ಇರುತ್ತದೆ.